ನಾಯಕನಿಗೆ ಏನಾಗಬೇಕು? ಹಳೆಯ ಪದ್ಯಾವಳಿಗಳಿಂದ ಪಂಢರಿಬಾಯಿ ಅವರ ಬದುಕು ಜೋಡಿಸುವ ಬಗೆ

ನಮ್ಮಪ್ಪ ಕೊಡಗಿನ ಸುಂಟಿಕೊಪ್ಪದ ಹತ್ತಿರ ಒಂದು ಕಾಫಿ ತೋಟದಲ್ಲಿ ರೈಟರ್, ಅಂದರೆ ಲೆಕ್ಕ ಬರೆಯುವವರು, ಆಗಿದ್ದರು. ಬಟವಾಡೆ ಮುಗಿದ ವಾರ ಮಡಿಕೇರಿಗೋ ಮೈಸೂರಿಗೋ ಹೋದರೆ ಸಿನಿಮಾ ನೋಡದೆ ಬರುತ್ತಿರಲಿಲ್ಲ. ನೋಡಿದ ಸಿನಿಮಾದ ಪದ್ಯಾವಳಿಯನ್ನು, ಅಂದರೆ ಹಾಡಿನ ಪುಸ್ತಕವನ್ನು, ಕೊಳ್ಳದೆ ಟಾಕೀಸಿನ ಬಾಗಿಲು ದಾಟುತ್ತಿರಲಿಲ್ಲ. ಅವರು ತೀರಿಕೊಂಡು ಇಪ್ಪತ್ತು ವರ್ಷದ ಮೇಲಾಯಿತು. ಅಟ್ಟದ ತಗಡಿನ ಪೆಟ್ಟಿಗೆ ಇಳಿಸಿ ಎಣಿಸಿದಾಗ ಅಂಥ ಪುಸ್ತಕಗಳು 114 ಇದ್ದವು. ಅವನ್ನು ಮುಂದಿಟ್ಟುಕೊಂಡು ಎರಡು ಬೇಸಿಗೆ ಕೂತು ಹಳೆಯ ನಟಿ ಪಂಢರಿಬಾಯಿ ಅವರ ಬದುಕನ್ನು ಬರೆದೆ. ಹೋದ ವರ್ಷ ನಮ್ಮೂರಿನ ಹೆಂಗಸರ ಓದುಕೂಟದಲ್ಲಿ ಅದನ್ನು ಓದಿದೆ. ಓದಿ ಮುಗಿಸಿದ ಮೇಲೆ ಮೂರು ನಾಲ್ಕು ಜನ ಹತ್ತಿರ ಬಂದು, "ಅಕ್ಕ, ನಮ್ಮನೇಲೂ ಇಂಥ ಪೆಟ್ಟಿಗೆ ಉಂಟು. ನಮ್ಮ ಕೈಲಾಗ್ತದಾ ಇದು?" ಅಂತ ಕೇಳಿದರು. ಖಂಡಿತ ಆಗುತ್ತದೆ. ನಾನು ಮಾಡಿದ ಹಾಗೆಯೇ, ನಾನು ಎಡವಿದ ಕಡೆ ಎಡವದ ಹಾಗೆ, ಹೇಗೆ ಮಾಡಬೇಕೆಂದು ಹೇಳುತ್ತೇನೆ.

ಮೊದಲು ಯಾರ ಬದುಕು ಎಂದು ಆರಿಸಿಕೊಳ್ಳಬೇಕು. ನಿಮಗೆ ಇಷ್ಟವಾದ ನಟಿಯನ್ನಲ್ಲ, ಪೆಟ್ಟಿಗೆಯಲ್ಲಿ ಯಾರ ಹೆಸರು ಹೆಚ್ಚು ಸಲ ಬರುತ್ತದೋ ಅವರನ್ನು ಆರಿಸಿ. ನನಗೆ ಚಿಕ್ಕಂದಿನಿಂದ ಕಲ್ಪನಾ ಅಂದರೆ ಪ್ರಾಣ. ಪುಸ್ತಕಗಳನ್ನು ಒಂದೊಂದಾಗಿ ಬಿಡಿಸಿ ಪಾತ್ರವರ್ಗದ ಪುಟ ನೋಡುತ್ತಾ ಹೋದಾಗ ಕಲ್ಪನಾ ಹನ್ನೊಂದು ಕಡೆ ಸಿಕ್ಕರು, ಪಂಢರಿಬಾಯಿ ಮೂವತ್ತೆರಡು ಕಡೆ. ಎರಡು ಭಾಷೆಯ ಪುಸ್ತಕಗಳಲ್ಲಿ ಇದ್ದರು, ಮೂರು ದಶಕಗಳಲ್ಲಿ ಇದ್ದರು. ನನಗೆ ಗೊತ್ತಿದ್ದ ಪಂಢರಿಬಾಯಿ ಮಾತ್ರ ಒಬ್ಬರೇ: ನರೆತ ಕೂದಲು, ಹಣೆಯ ತುಂಬ ಕುಂಕುಮ, ಸೆರಗಿನ ತುದಿಯಲ್ಲಿ ಕಣ್ಣೊರೆಸಿಕೊಳ್ಳುವ ಅಮ್ಮ. ಆ ಅಮ್ಮನ ಹಿಂದೆ ಬೇರೆ ಯಾರೋ ಇದ್ದಾರೆ ಅಂತ ಆವತ್ತು ಮೊದಲ ಸಲ ಅನ್ನಿಸಿತು. ಆ ಅನುಮಾನವೇ ಕೆಲಸಕ್ಕೆ ಬೀಜ. ನಿಮಗೆ ಎಲ್ಲಾ ಗೊತ್ತಿರುವ ನಟಿಯನ್ನು ಹಿಡಿದರೆ ಕೆಲಸ ಹತ್ತು ದಿನದಲ್ಲಿ ಸಪ್ಪೆಯಾಗುತ್ತದೆ.

ಪೆಟ್ಟಿಗೆ ಬಿಚ್ಚುವ ಕಾಲ

ಕೊಡಗಿನವರು ಈ ಕೆಲಸವನ್ನು ನಮ್ಮ ಸುಗ್ಗಿ ಹಬ್ಬ ಹುತ್ತರಿ ಕಳೆದ ಮೇಲೆಯೇ ಶುರುಮಾಡಬೇಕು. ಡಿಸೆಂಬರಿನಿಂದ ಮಾರ್ಚ್ ಶುರುವಿನವರೆಗೆ, ಅಂಗಳದ ಕಣದಲ್ಲಿ ಕಾಫಿ ಒಣಗುವಷ್ಟು ದಿನ, ಗಾಳಿಯಲ್ಲಿ ನೀರಿನ ಪಸೆ ಕಡಿಮೆ. ಹೂಮಳೆ, ಅಂದರೆ ಕಾಫಿ ಹೂ ಅರಳಿಸುವ ಬೇಸಿಗೆಯ ಮಳೆ, ಬಿದ್ದ ಮೇಲೆ ಮತ್ತೆ ಹುಷಾರು. ಜೂನಿನಿಂದ ಸೆಪ್ಟೆಂಬರಿನವರೆಗೆ ಪೆಟ್ಟಿಗೆಯ ಮುಚ್ಚಳ ತೆಗೆಯುವುದೇ ಬೇಡ. ಮಳೆಗಾಲದಲ್ಲಿ ಕಪಾಟಿನ ಚಪ್ಪಲಿಗೂ ಬೂಷ್ಟು ಹಿಡಿಯುವ ಊರು ನಮ್ಮದು. ಅರವತ್ತು ಎಪ್ಪತ್ತು ವರ್ಷದ ನ್ಯೂಸ್‌ಪ್ರಿಂಟ್ ಕಾಗದ ಒಂದು ವಾರ ಸಾಕು, ಹಾಳಾಗುತ್ತದೆ.

ಪುಸ್ತಕವನ್ನು ಬಿಸಿಲಿಗೆ ಹಾಕಬೇಡಿ. ನಮಗೆ ಏನೇ ಒದ್ದೆಯಾದರೂ ಬಿಸಿಲಿಗೆ ಹರಡುವ ಅಭ್ಯಾಸ, ಆದರೆ ಬಿಸಿಲಿಗೆ ಈ ಕಾಗದ ಹಪ್ಪಳದ ಹಾಗೆ ಮುರಿಯುತ್ತದೆ. ನೆರಳಿರುವ ಕೋಣೆಯಲ್ಲಿ ಮೇಜಿನ ಮೇಲೆ ಹಳೆಯ ಬಿಳಿ ಪಂಚೆ ಹಾಸಿ, ಪುಸ್ತಕಗಳನ್ನು ಅರ್ಧ ತೆರೆದು ನಿಲ್ಲಿಸಿ, ಫ್ಯಾನು ನಿಧಾನಕ್ಕೆ ಓಡಲಿ. ಎರಡು ದಿನ ಬಿಟ್ಟು ಮೆತ್ತಗಿನ ಬ್ರಷ್ಷಿನಿಂದ ಬೂಷ್ಟನ್ನು ಹೊರಮುಖವಾಗಿ ಗುಡಿಸಿ. ಮೂಗಿಗೆ ಬಟ್ಟೆ ಕಟ್ಟಿಕೊಳ್ಳಿ, ಈ ಕೆಲಸವನ್ನು ಜಗುಲಿಯಲ್ಲಿ ಮಾಡಿ, ಒಳಗೆ ಬೇಡ. ನಡುವೆ ಹೊಡೆದಿರುವ ಪಿನ್ನುಗಳು ತುಕ್ಕು ಹಿಡಿದು ಕಾಗದವನ್ನು ಕಂದು ಮಾಡಿರುತ್ತವೆ. ಬೆನ್ನಿನ ಕಡೆಯಿಂದ ಚಾಕುವಿನ ಮೊಂಡು ತುದಿಯಲ್ಲಿ ಅವನ್ನು ಎಬ್ಬಿಸಿ ತೆಗೆದು, ಬಿಳಿ ನೂಲಿನಲ್ಲಿ ಎರಡು ಹೊಲಿಗೆ ಹಾಕಿ.

ನನ್ನಿಂದ ಆದ ನಷ್ಟವನ್ನು ಇಲ್ಲಿ ಹೇಳಲೇಬೇಕು. ಮೊದಲ ವರ್ಷ ಒಳ್ಳೆಯ ಸ್ಥಿತಿಯಲ್ಲಿದ್ದ ಆರು ಪುಸ್ತಕದ ಮುಖಪುಟಗಳನ್ನು ಪೇಟೆಯ ಒಂದು ಅಂಗಡಿಯಲ್ಲಿ ಲ್ಯಾಮಿನೇಷನ್ ಮಾಡಿಸಿದೆ. ಶಾಶ್ವತವಾಗಿ ಉಳಿಯುತ್ತದೆ ಅಂದರು, ನಂಬಿದೆ. ಒಂದೇ ಮಳೆಗಾಲಕ್ಕೆ ಅಂಚಿನಿಂದ ಪಸೆ ಒಳಗೆ ಹೋಗಿ, ಪ್ಲಾಸ್ಟಿಕ್ಕಿನ ಒಳಗೇ ಬೂಷ್ಟು ಬೆಳೆಯಿತು. ಬಿಡಿಸೋಣವೆಂದರೆ ಅಂಟಿನ ಜೊತೆ ಶಾಯಿಯೂ ಎದ್ದು ಬಂತು. ಅಪ್ಪನ ಕೈಬರಹದಲ್ಲಿ ತಾರೀಖಿದ್ದ ಮುಖಪುಟಗಳು ಅವು. ಲ್ಯಾಮಿನೇಷನ್ ಬೇಡ, ಸೆಲೋಟೇಪ್ ಬೇಡ, ಗಾಳಿಯಾಡದ ಪ್ಲಾಸ್ಟಿಕ್ ಚೀಲವೂ ಬೇಡ. ಬಿಳಿ ಕಾಗದದ ಲಕೋಟೆ, ಮೇಲೆ ಹತ್ತಿ ಬಟ್ಟೆಯ ಸುತ್ತು, ಪೆಟ್ಟಿಗೆಯ ಮೂಲೆಯಲ್ಲಿ ಸಿಲಿಕಾ ಜೆಲ್ ಇಷ್ಟು ಸಾಕು. ನೀಲಿ ಹರಳಿನ ಜೆಲ್ ಗುಲಾಬಿ ಬಣ್ಣಕ್ಕೆ ತಿರುಗಿದರೆ ನೀರು ಕುಡಿದು ತುಂಬಿದೆ ಅಂತ ಅರ್ಥ, ಬದಲಾಯಿಸಿ. ಹುಳಕ್ಕೆ ಬಜೆಯ ತುಂಡು ಬಟ್ಟೆಯಲ್ಲಿ ಕಟ್ಟಿ ಇಡಿ. ತಾಳೆಗರಿಗೆ ನಮ್ಮ ಹಿರಿಯರು ಇಡುತ್ತಿದ್ದದ್ದು ಇದನ್ನೇ.

ಲಕೋಟೆಗೆ ಹಾಕುವ ಮೊದಲು ಪ್ರತಿ ಪುಟದ ಫೋಟೋ ತೆಗೆದುಕೊಳ್ಳಿ. ಮೋಡ ಕವಿದ ಬೆಳಿಗ್ಗೆ, ಕಿಟಕಿಯ ಪಕ್ಕ, ಫ್ಲ್ಯಾಷ್ ಇಲ್ಲದೆ ತೆಗೆದರೆ ಅಕ್ಷರ ಚೆನ್ನಾಗಿ ಬರುತ್ತದೆ. ಮುಂದಿನ ಕೆಲಸವೆಲ್ಲ ಫೋಟೋದಲ್ಲೇ ನಡೆಯಲಿ.

ವರ್ಷ ಹಚ್ಚುವುದು

ಪದ್ಯಾವಳಿಯಲ್ಲಿ ಏನೇನೋ ಇರುತ್ತದೆ: ಕಂಪನಿಯ ಹೆಸರು, ಪಾತ್ರವರ್ಗ, ತಂತ್ರಜ್ಞರು, ಕಥಾಸಾರ, ಹಾಡುಗಳು. ಕಥಾಸಾರ ಒಳ್ಳೆಯ ಘಟ್ಟಕ್ಕೆ ಬಂದ ತಕ್ಷಣ "ಮುಂದಿನದನ್ನು ಬೆಳ್ಳಿತೆರೆಯ ಮೇಲೆ ನೋಡಿ ಆನಂದಿಸಿ" ಅಂತ ನಿಲ್ಲುತ್ತದೆ. ಎಷ್ಟೋ ಪುಸ್ತಕಗಳಲ್ಲಿ ಇಲ್ಲದಿರುವುದು ವರ್ಷ ಮಾತ್ರ. ಅದನ್ನು ನಾವೇ ಹಚ್ಚಬೇಕು.

ಬೆಲೆ ನೋಡಿ. ಆಣೆಯಲ್ಲಿದ್ದರೆ ಸಾಮಾನ್ಯವಾಗಿ 1957ರ ಏಪ್ರಿಲ್‌ಗಿಂತ ಹಿಂದಿನದು, ದಶಮಾಂಶ ನಾಣ್ಯ ಬಂದದ್ದು ಆ ತಿಂಗಳ 1ರಂದು. "ನಯೇ ಪೈಸೆ" ಅಂತಿದ್ದರೆ 1957ರಿಂದ 1964ರ ನಡುವಿನದು. ಬರೀ ಪೈಸೆಯಾದರೆ ಆಮೇಲಿನದು. ಮುದ್ರಣಾಲಯದ ವಿಳಾಸ ನೋಡಿ. "ಮದ್ರಾಸ್-26" ಅಂದರೆ ವಡಪಳನಿ, ಸ್ಟುಡಿಯೋಗಳ ಬೀದಿ. ಆರು ಅಂಕಿಯ ಪಿನ್‌ಕೋಡ್ ಇದ್ದರೆ 1972ರ ಆಗಸ್ಟ್ 15ರ ಈಚಿನದು, ಆ ಹಳೆಯ 26 ಈಗಲೂ 600026ರ ಬಾಲದಲ್ಲಿ ಉಳಿದುಕೊಂಡಿದೆ. "ಮೈಸೂರು ರಾಜ್ಯ" ಅಂತಿದ್ದರೆ 1973ರ ನವೆಂಬರಿಗಿಂತ ಹಿಂದಿನದು. ನಮ್ಮ ಕೊಡಗಿನವರಿಗೆ ಇನ್ನೊಂದು ಗುರುತು ಉಂಟು. 1956ರ ನವೆಂಬರ್ 1ರವರೆಗೆ ಕೊಡಗೇ ಒಂದು ಬೇರೆ ರಾಜ್ಯ. ಹಾಗಾಗಿ ಹಳೆಯ ಕರಪತ್ರದಲ್ಲಿ ಹಂಚಿಕೆದಾರರು "ಮೈಸೂರು ಮತ್ತು ಕೊಡಗು" ಅಂತ ಎರಡನ್ನೂ ಬೇರೆ ಬೇರೆ ಹೆಸರಿಸಿದ್ದರೆ ಅದು ಆ ಕಾಲದ್ದಿರಬಹುದು ಅಂತ ಪೆನ್ಸಿಲ್ಲಿನಲ್ಲಿ ಗುರುತು ಮಾಡಿ. ಪೆನ್ನಿನಲ್ಲಿ ಬೇಡ, ಯಾಕೆಂದರೆ ಬಾಯಿರೂಢಿ ರಾಜ್ಯದ ಗಡಿಗಿಂತ ಹೆಚ್ಚು ಕಾಲ ಬದುಕುತ್ತದೆ.

ಸೆನ್ಸಾರ್ ಆದ ವರ್ಷ, ತೆರೆಕಂಡ ವರ್ಷ, ನಿಮ್ಮೂರಿಗೆ ಬಂದ ವರ್ಷ ಮೂರೂ ಬೇರೆಯಿರಬಹುದು. ಅಪ್ಪ ಮುಖಪುಟದ ಮೇಲೆ ಬರೆದ ತಾರೀಖು ಅವರು ನೋಡಿದ ದಿನದ್ದು. ಕೆಲವು ಚಿತ್ರ ತೆರೆಕಂಡು ಎರಡು ವರ್ಷ ಕಳೆದ ಮೇಲೆ ನಮ್ಮ ಕಡೆಯ ಟೂರಿಂಗ್ ಟಾಕೀಸಿಗೆ ಬಂದಿದ್ದವು. ಮೂರನ್ನೂ ಬೇರೆ ಬೇರೆಯಾಗಿಯೇ ಬರೆದಿಡಿ.

ಐದು ಕಾಲಂ

ಈಗ ಮುಖ್ಯ ಕೆಲಸ. ಒಂದು ಚಿತ್ರಕ್ಕೆ ಒಂದು ಕಾರ್ಡು. ಮದುವೆ ಆಮಂತ್ರಣದ ಹಿಂಬದಿ ಆದೀತು. ಅದರಲ್ಲಿ ಐದು ವಿಷಯ: ವರ್ಷ, ಚಿತ್ರ, ಸ್ಟುಡಿಯೋ ಅಥವಾ ಕಂಪನಿ, ಪಾತ್ರದ ಹೆಸರು, ಮತ್ತೆ ಐದನೆಯದು ನಮ್ಮ ಮನೆಗಳಲ್ಲಿ ಹೊಸಬರು ಬಂದರೆ ಕೇಳುವ ಪ್ರಶ್ನೆ: ಇವರು ನಾಯಕನಿಗೆ ಏನಾಗಬೇಕು?

ಆ ಐದನೆಯ ಕಾಲಂ ನನಗೆ ಸುಮ್ಮನೆ ಹೊಳೆದದ್ದು. ಪಾತ್ರದ ಹೆಸರು ಮರೆತುಹೋಗುತ್ತದೆ, ಸಂಬಂಧ ಮರೆಯುವುದಿಲ್ಲ ಅಂತ ಬರೆದುಕೊಂಡೆ. ಮೂವತ್ತೆರಡು ಕಾರ್ಡು ವರ್ಷದ ಪ್ರಕಾರ ನೆಲದ ಮೇಲೆ ಸಾಲಾಗಿ ಹಾಸಿದ ದಿನ ಸಂಜೆಯವರೆಗೆ ಅಲ್ಲಿಂದ ಏಳಲಾಗಲಿಲ್ಲ. ಪೆಟ್ಟಿಗೆಯಲ್ಲಿ ಇಲ್ಲದ ಮುಖ್ಯ ಚಿತ್ರಗಳಿಗೂ ಆಮೇಲೆ ಕಾರ್ಡು ಮಾಡಿ ನಡುವೆ ಸೇರಿಸಿದೆ. ಆ ಸಾಲಿನ ಕೆಲವು ಕಾರ್ಡುಗಳನ್ನು ಇಲ್ಲಿ ಬಿಡಿಸುತ್ತೇನೆ.

ಭಟ್ಕಳದಲ್ಲಿ ಹುಟ್ಟಿ, ಪೌರಾಣಿಕ ನಾಟಕಗಳಲ್ಲಿ ಪಳಗಿದ ಹುಡುಗಿ 1943ರಲ್ಲಿ 'ವಾಣಿ' ಚಿತ್ರಕ್ಕೆ ಬಂದಳು. ಅದು ಪಿಟೀಲು ಚೌಡಯ್ಯನವರು ಸ್ವತಃ ನಟಿಸಿದ ಚಿತ್ರ. ಹತ್ತು ವರ್ಷ ಕಳೆದು 1953ರಲ್ಲಿ 'ಗುಣಸಾಗರಿ'. ಅದೇ ಕಥೆ ತಮಿಳಿನಲ್ಲಿ 'ಸತ್ಯಶೋಧನೈ'. ಆ ನಡುವೆ 1952ರ ದೀಪಾವಳಿಗೆ, ಅಕ್ಟೋಬರ್ 17ರಂದು, ತಮಿಳಿನ 'ಪರಾಶಕ್ತಿ' ತೆರೆಕಂಡಿತು. ಶಿವಾಜಿ ಗಣೇಶನ್ ಅವರ ಮೊದಲ ಚಿತ್ರ, ಸಂಭಾಷಣೆ ಕರುಣಾನಿಧಿಯವರದು. ನಾಯಕ ಗುಣಶೇಖರನ್ ಮನಸೋಲುವ ವಿಮಲಾ ಪಂಢರಿಬಾಯಿ. 1954ರ ಏಪ್ರಿಲ್ 13ಕ್ಕೆ ಎಸ್. ಬಾಲಚಂದರ್ ನಿರ್ದೇಶನದ 'ಅಂದ ನಾಳ್': ದೇಶದ್ರೋಹಕ್ಕೆ ಇಳಿದ ಗಂಡನ ಎದುರು ನಿಲ್ಲುವ ಹೆಂಡತಿ. ಎ.ವಿ.ಎಂ. ತಯಾರಿಸಿದ ಆ ಚಿತ್ರದಲ್ಲಿ ಒಂದೇ ಒಂದು ಹಾಡಿಲ್ಲ. ಹಾಡಿನ ಪುಸ್ತಕಗಳಿಂದ ಬದುಕು ಜೋಡಿಸಲು ಹೊರಟವಳಿಗೆ ಅವರ ಅತ್ಯಂತ ಗಟ್ಟಿ ಪಾತ್ರಗಳಲ್ಲಿ ಒಂದು ಹಾಡಿಲ್ಲದ ಚಿತ್ರದಲ್ಲಿತ್ತು. ಆ ಕಾರ್ಡನ್ನು ಬೇರೆ ದಾರಿಯಿಂದ ತುಂಬಬೇಕಾಯಿತು, ಅದನ್ನು ಮುಂದೆ ಹೇಳುತ್ತೇನೆ. ಇದಾದ 24 ದಿನಕ್ಕೆ, ಮೇ 7ರಂದು, ಎಚ್.ಎಲ್.ಎನ್. ಸಿಂಹ ಅವರ 'ಬೇಡರ ಕಣ್ಣಪ್ಪ'. ಮುತ್ತುರಾಜ್ ಎಂಬ ನಾಟಕ ಕಂಪನಿಯ ಹುಡುಗ ರಾಜ್‌ಕುಮಾರ್ ಆದ ಚಿತ್ರ. ಕಣ್ಣಪ್ಪನ ಹೆಂಡತಿ ನೀಲಾ ಪಂಢರಿಬಾಯಿ.

ಒಂದು ಕಾರ್ಡಿನಲ್ಲಿ ಶಿವಾಜಿಯ ಮೊದಲ ಚಿತ್ರದ ನಾಯಕಿ, ಇನ್ನೊಂದರಲ್ಲಿ ರಾಜ್‌ಕುಮಾರ್ ನಾಯಕರಾದ ಮೊದಲ ಚಿತ್ರದ ನಾಯಕಿ. ಎರಡು ನಾಡಿನ ಎರಡು ದೊಡ್ಡ ಹೆಸರುಗಳು ಕ್ಯಾಮೆರಾದ ಮುಂದೆ ಹೊಸಬರಾಗಿ ನಿಂತಾಗ ಎದುರಿಗೆ ಆಗಲೇ ಅನುಭವಸ್ಥೆಯಾಗಿ ನಿಂತವರು ಇವರೇ. ನಾವು ಇದನ್ನು ಆ ಇಬ್ಬರು ನಾಯಕರ ಕಥೆಯಲ್ಲಿ ಒಂದು ಸಾಲಾಗಿ ಓದಿರುತ್ತೇವೆ. ಕಾರ್ಡು ತಿರುಗಿಸಿ ಇಟ್ಟರೆ ಇದು ಪಂಢರಿಬಾಯಿಯವರ ಕಥೆಯ ಸಾಲು.

ಸಾಲನ್ನು ಮುಂದಕ್ಕೆ ಓದಿ. 1955ರ 'ಸಂತ ಸಖು', 1957ರ 'ರಾಯರ ಸೊಸೆ'. ಈ ಎರಡರಲ್ಲಿ ನಿರ್ಮಾಪಕರ ಜಾಗವನ್ನು ನೋಡಲೇಬೇಕು. ಅದು ಅವರದೇ ಶ್ರೀ ಪಾಂಡುರಂಗ ಪ್ರೊಡಕ್ಷನ್ಸ್. ಮೂವತ್ತು ದಾಟುವ ಮೊದಲೇ ಸ್ವಂತ ಕಂಪನಿ, ಅದರಲ್ಲೂ 'ರಾಯರ ಸೊಸೆ' ವರದಕ್ಷಿಣೆಯ ಕಷ್ಟ ಹೇಳುವ ಸಾಮಾಜಿಕ ಚಿತ್ರ, ರಾಜ್‌ಕುಮಾರ್ ಜೊತೆ. ತಂಗಿ ಮೈನಾವತಿಯೂ ತೆರೆಗೆ ಬಂದರು, 1959ರ 'ಅಬ್ಬಾ ಆ ಹುಡುಗಿ'ಯ ಹುಡುಗಿ ಅವರೇ. ಅದೇ 1959ರಲ್ಲಿ ಅಕ್ಕ ಜೆಮಿನಿಯವರ ಹಿಂದಿ ಚಿತ್ರ 'ಪೈಗಾಮ್'ನಲ್ಲಿ ದಿಲೀಪ್ ಕುಮಾರ್, ಹಿಂದಿಯ ರಾಜ್ ಕುಮಾರ್, ವೈಜಯಂತಿಮಾಲಾ ಜೊತೆಗಿದ್ದರು. ನನ್ನ ಐದನೆಯ ಕಾಲಂನಲ್ಲಿ ಅಲ್ಲಿಯವರೆಗೆ ಹೆಚ್ಚಾಗಿ ಇದ್ದ ಪದ "ಹೆಂಡತಿ".

1960ರ ನಂತರ ಆ ಕಾಲಂ ಬದಲಾಗುತ್ತದೆ. ನಾನು ಇಲ್ಲಿ ನಿಧಾನವಾಗಿ ಹೇಳುತ್ತೇನೆ, ಯಾಕೆಂದರೆ ಇಡೀ ಕೆಲಸದಲ್ಲಿ ನನಗೆ ಹೆಚ್ಚು ಸಂಕಟ ಕೊಟ್ಟ ಜಾಗ ಇದು. 1965, 'ಎಂಗ ವೀಟ್ಟು ಪಿಳ್ಳೈ', ನಾಯಕ ಎಂ.ಜಿ.ಆರ್., ಪಂಢರಿಬಾಯಿ ಅವರ ಅಕ್ಕ. 1968, 'ಕುಡಿಯಿರುಂದ ಕೋಯಿಲ್', ನಾಯಕ ಎಂ.ಜಿ.ಆರ್., ಪಂಢರಿಬಾಯಿ ಅವರ ತಾಯಿ. ಮೂರು ವರ್ಷದಲ್ಲಿ ಅಕ್ಕ ಅಮ್ಮ ಆದರು. ಎಂ.ಜಿ.ಆರ್. ಹುಟ್ಟಿದ್ದು 1917ರಲ್ಲಿ, ಇವರಿಗಿಂತ ಹತ್ತು ವರ್ಷಕ್ಕೂ ದೊಡ್ಡವರು. ಕನ್ನಡದಲ್ಲಿ 1967ರ 'ಬೆಳ್ಳಿಮೋಡ'ದ ಹೊತ್ತಿಗೆ ಕಲ್ಪನಾಗೆ ತಾಯಿ. 1986ರ 'ಅನುರಾಗ ಅರಳಿತು' ಚಿತ್ರದಲ್ಲಿ ರಾಜ್‌ಕುಮಾರ್‌ಗೇ ತಾಯಿ.

ಇದನ್ನು ಕಂಡ ಮೇಲೆ ಕಾರ್ಡಿಗೆ ಆರನೆಯ ವಿಷಯ ಸೇರಿಸಿದೆ: ನಾಯಕ ಹುಟ್ಟಿದ ವರ್ಷ. ನೀವು ಮೊದಲೇ ಸೇರಿಸಿಕೊಳ್ಳಿ. ರಾಜ್‌ಕುಮಾರ್ ಹುಟ್ಟಿದ್ದು 1929ರ ಏಪ್ರಿಲ್, ಶಿವಾಜಿ 1928ರ ಅಕ್ಟೋಬರ್. ಪಂಢರಿಬಾಯಿಯವರದು ಒಂದು ಕಡೆ 1928 ಅಂತ, ಇನ್ನೊಂದು ಕಡೆ 1930 ಅಂತ ಅಚ್ಚಾಗಿದೆ. ಹೀಗೆ ಎರಡು ಸಿಕ್ಕಾಗ ಒಂದನ್ನು ಹೊಡೆದುಹಾಕಬೇಡಿ, ಎರಡನ್ನೂ ಬರೆದು, ಎರಡರಿಂದಲೂ ಲೆಕ್ಕ ಹಾಕಿ ನೋಡಿ. 1928 ಅಂತ ಹಿಡಿದರೆ 1986ರ ಆ ತಾಯಿ ಮಗನಿಗಿಂತ ಕೆಲವೇ ತಿಂಗಳಿಗೆ ದೊಡ್ಡವರು. 1930 ಅಂತ ಹಿಡಿದರೆ ಮಗನಿಗಿಂತ ತಾಯಿಯೇ ಚಿಕ್ಕವರು. ನಾಯಕರ ವಯಸ್ಸು ಬಣ್ಣದ ಅಡಿಯಲ್ಲಿ ನಿಂತೇ ಇತ್ತು, ಅವರ ಜೊತೆ ಅದೇ ವರ್ಷಗಳಲ್ಲಿ ಶುರುಮಾಡಿದ ಹೆಂಗಸಿಗೆ ಮಾತ್ರ ಬಿಳಿ ಕೂದಲು ಅಂಟಿಸಿದರು. ಇದನ್ನು ನಾನು ಓದುಕೂಟದಲ್ಲಿ ಹೇಳಿದಾಗ ಕೆಲಹೊತ್ತು ಯಾರೂ ಮಾತಾಡಲಿಲ್ಲ.

ಆದರೆ ಹುಷಾರು, ಒಂದು ಸಿಟ್ಟು ಸಿಕ್ಕಿತು ಅಂತ ಎಲ್ಲಾ ಕಾರ್ಡನ್ನೂ ಅದೇ ಸಿಟ್ಟಿನಿಂದ ಓದಬೇಡಿ. ಸಾಲು ನೆಟ್ಟಗೆ ಇಳಿಯುವುದಿಲ್ಲ. ಎಂ.ಜಿ.ಆರ್.ಗೆ ತಾಯಿಯಾದ ಐದು ವರ್ಷಕ್ಕೆ, 1973ರ 'ಗೌರವಂ' ಚಿತ್ರದಲ್ಲಿ ಬ್ಯಾರಿಸ್ಟರ್ ರಜನೀಕಾಂತ್ ಎಂಬ ಪಾತ್ರ ಮಾಡಿದ ಶಿವಾಜಿಗೆ ಇವರು ಹೆಂಡತಿ. 'ಪರಾಶಕ್ತಿ'ಯ ಜೋಡಿ ಇಪ್ಪತ್ತೊಂದು ವರ್ಷದ ಮೇಲೆ ಮತ್ತೆ ಗಂಡ ಹೆಂಡತಿ. ಜೊತೆಗೆ, ತಾಯಿ ಪಾತ್ರಗಳು ಅವರ ಕೈಗೆ ನಿರಂತರ ಕೆಲಸ ಕೊಟ್ಟವು, ಅವರ ಜೊತೆಯ ಎಷ್ಟೋ ನಾಯಕಿಯರು ಮನೆ ಸೇರಿದ ಮೇಲೂ ಇವರು ಸೆಟ್ಟಿನಲ್ಲಿದ್ದರು. ನಷ್ಟವನ್ನೂ ಬರೆಯಿರಿ, ಅವರು ಆ ನಷ್ಟದಲ್ಲಿ ಕಟ್ಟಿದ್ದನ್ನೂ ಬರೆಯಿರಿ.

ಸ್ಟುಡಿಯೋ ಕಾಲಂ ಬಗ್ಗೆ ಎರಡು ಮಾತು. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನ' 1934ರಲ್ಲಿ ತಯಾರಾದದ್ದು ಕೊಲ್ಹಾಪುರದ ಸ್ಟುಡಿಯೋದಲ್ಲಿ. ಮೈಸೂರಿನಲ್ಲಿ ಸ್ಟುಡಿಯೋಗಳು ಬಂದ ಮೇಲೂ ಬಹಳ ಕಾಲ ಕನ್ನಡ ಚಿತ್ರಗಳು ಮದ್ರಾಸಿನ ನೆಲದಲ್ಲೇ ಹುಟ್ಟಿದವು. ಅಲ್ಲಿ ಒಂದೇ ಕಂಪನಿ ಒಂದೇ ಕಥೆಯನ್ನು ಎರಡು ಮೂರು ಭಾಷೆಯಲ್ಲಿ ತೆಗೆಯುತ್ತಿತ್ತು. 'ಬೇಡರ ಕಣ್ಣಪ್ಪ' ತೆಲುಗಿನಲ್ಲಿ 'ಕಾಳಹಸ್ತಿ ಮಹಾತ್ಮ್ಯಂ' ಆಯಿತು, ನಾಯಕ ಅದೇ ರಾಜ್‌ಕುಮಾರ್, ನಾಯಕಿ ಮಾತ್ರ ಮಾಲತಿ. ಇಂಥ ಜಾಗದಲ್ಲಿ ಹಲವು ಭಾಷೆ ನಾಲಿಗೆಗೆ ಹತ್ತಿದ ನಟಿಗೆ ಬೆಲೆ ಎಷ್ಟು ಅಂತ ಕಾರ್ಡುಗಳೇ ಹೇಳುತ್ತವೆ.

ನೋಡಿದವರನ್ನು ಕೇಳುವುದು

ತಮಿಳು ಕಾರ್ಡುಗಳನ್ನು ತುಂಬಲು ನನಗೆ ಸಹಾಯ ಮಾಡಿದ್ದು ತೋಟದ ಲೈನ್ ಮನೆಯ, ಅಂದರೆ ಕೂಲಿಯವರ ಸಾಲುಮನೆಯ, ಒಬ್ಬರು ಪಾಟಿ (ತಮಿಳಿನಲ್ಲಿ ಅಜ್ಜಿ). ಎಂಬತ್ತು ದಾಟಿದವರು, ಅಪ್ಪನ ಕಾಲದಲ್ಲಿ ಕಾಫಿ ಕುಯ್ದವರು. ನನ್ನನ್ನು ಈಗಲೂ "ರೈಟರ್ ಮಗಳೇ" ಅಂತಲೇ ಕರೆಯುತ್ತಾರೆ. ಕೊಡಗಿನ ತೋಟಗಳಲ್ಲಿ ಇಂಥವರು ಇನ್ನೂ ಇದ್ದಾರೆ, ಅವರನ್ನು ಯಾರೂ ಸಿನಿಮಾ ಬಗ್ಗೆ ಕೇಳಿಲ್ಲ ಅಷ್ಟೇ.

ಬರಿಗೈಲಿ ಹೋಗಬೇಡಿ, ಒಂದು ಫೋಟೋ ತೆಗೆದುಕೊಂಡು ಹೋಗಿ. "ಪಂಢರಿಬಾಯಿ ಬಗ್ಗೆ ಹೇಳಿ" ಅಂದರೆ "ಒಳ್ಳೆ ಅಮ್ಮ" ಅಂತ ಒಂದು ಮಾತಲ್ಲಿ ಮುಗಿಯುತ್ತದೆ. ಯಾರ ಜೊತೆ ಹೋಗಿದ್ದಿರಿ, ಎಲ್ಲಿ ಕೂತಿದ್ದಿರಿ, ಬರುವಾಗ ಕತ್ತಲೆಯಲ್ಲಿ ಏನು ಹಿಡಿದು ನಡೆದಿರಿ ಅಂತ ಕೇಳಿ, ಸಿನಿಮಾ ತಾನಾಗಿ ಬರುತ್ತದೆ. ಪಾಟಿ ನನಗೆ ಡೇರೆಯ ನೆಲದ ಮರಳು, ರೀಲು ಬದಲಿಸುವಾಗ ಮಾರುತ್ತಿದ್ದ ಕಡಲೆಕಾಯಿ, ವಾಪಸು ಬರುವಾಗ ಆನೆಯ ಭಯಕ್ಕೆ ಹಿಡಿದ ಸೂಡಿಯ ಬೆಂಕಿ, ಎಲ್ಲಾ ಹೇಳಿದ ಮೇಲೆ 'ಅಂದ ನಾಳ್'ಗೆ ಬಂದರು. "ಹಾಡಿಲ್ಲ ಅಂತ ಗಂಡಸರೆಲ್ಲ ಬೈದ್ರು. ನಾನು ಬೈಲಿಲ್ಲ. ಆ ಹೆಂಗಸು ಗಂಡನ್ನ ನೋಡಿದ ನೋಟ ಇತ್ತಲ್ಲಾ, ಅದು ಮನೆವರೆಗೂ ನನ್ನ ಜೊತೆ ಬಂತು," ಅಂದರು. ಆ ಕಾರ್ಡಿನ ಹಿಂದೆ ಪಾಟಿಯ ಮಾತನ್ನು ಅವರು ಹೇಳಿದ ಹಾಗೇ ಬರೆದುಕೊಂಡಿದ್ದೇನೆ. ನೀವೂ ತಿದ್ದಬೇಡಿ. ವರ್ಷ, ಹೆಸರು ತಪ್ಪು ಹೇಳಿದರೆ ಅಲ್ಲೇ ಸರಿಪಡಿಸಲು ಹೋಗಬೇಡಿ, ಮಾತು ನಿಂತುಹೋಗುತ್ತದೆ. ಮನೆಗೆ ಬಂದು ಬೇರೆ ಬಣ್ಣದಲ್ಲಿ ಗುರುತು ಹಾಕಿಕೊಳ್ಳಿ. ಒಂದೇ ಸಲಕ್ಕೆ ಒಂದು ಗಂಟೆಗಿಂತ ಹೆಚ್ಚು ಕೂರಿಸಬೇಡಿ.

ಊರಿನ ಮಟ್ಟದ ತಾರೀಖುಗಳಿಗೆ ಹಳೆಯ ಪತ್ರಿಕೆಗಳ ಜಾಹೀರಾತು ಹುಡುಕಿ. ನಮ್ಮ ಮಡಿಕೇರಿಯ 'ಶಕ್ತಿ' 1957ರಿಂದ ಬರುತ್ತಿದೆ. ಹಳೆಯ ಸಂಚಿಕೆ ಕಟ್ಟಿಟ್ಟ ಮನೆಗಳಿದ್ದರೆ ಕೇಳಿ ನೋಡಿ.

ತೆರೆಯಲ್ಲಿ ನೋಡುವುದು

ಕಾರ್ಡು ತುಂಬಿದ ಮೇಲೆಯೇ ಸಿನಿಮಾ ನೋಡಿ, ಮೊದಲಲ್ಲ. ಮೊದಲೇ ನೋಡಿದರೆ ಕಥೆ ನಮ್ಮನ್ನು ಎಳೆದುಕೊಂಡು ಹೋಗುತ್ತದೆ, ನಟಿ ಕಣ್ಣಿಗೆ ಬೀಳುವುದಿಲ್ಲ. ಹಳೆಯ ಚಿತ್ರಗಳು ಈಗ ಮೊಬೈಲಿನಲ್ಲೇ ಸಿಗುತ್ತವೆ. ಎರಡು ಸಲ ನೋಡಬೇಕು: ಒಮ್ಮೆ ಹಾಗೇ, ಇನ್ನೊಮ್ಮೆ ಧ್ವನಿ ತೆಗೆದು. ಧ್ವನಿ ಇಲ್ಲದಾಗ ಕೈ ನೋಡಿ. ನಾಟಕದಿಂದ ಬಂದವರಿಗೆ ಕೈಯನ್ನು ಕೊನೆಯ ಸಾಲಿನವರೆಗೆ ಕಾಣಿಸುವ ಅಭ್ಯಾಸ, ಕ್ಯಾಮೆರಾ ಹತ್ತಿರ ಬಂದ ಹಾಗೆ ಆ ಕೈಯನ್ನು ಎಷ್ಟು ಇಳಿಸಿಕೊಂಡಿದ್ದಾರೆ ಅಂತ ಗಮನಿಸಿ. ಬೇರೆಯವರ ಮಾತನ್ನು ಕೇಳುವಾಗ ನಟಿಯ ಮುಖ ಏನು ಮಾಡುತ್ತದೆ ನೋಡಿ. ನನ್ನ ಅಭಿಪ್ರಾಯದಲ್ಲಿ ಪಂಢರಿಬಾಯಿಯವರ ದೊಡ್ಡತನ ಮಾತಿನಲ್ಲಿಲ್ಲ, ಕೇಳಿಸಿಕೊಳ್ಳುವುದರಲ್ಲಿದೆ. ಎದುರಿನವರು ಮಾತು ಮುಗಿಸುವ ಒಂದು ಕ್ಷಣ ಮೊದಲೇ ಅವರ ಕಣ್ಣಿಗೆ ಉತ್ತರ ಬಂದಿರುತ್ತದೆ, ತುಟಿ ಮಾತ್ರ ಕಾಯುತ್ತದೆ. ಇದನ್ನು ಒಮ್ಮೆ ಕಂಡರೆ ಆಮೇಲೆ ಪ್ರತಿ ಚಿತ್ರದಲ್ಲೂ ಕಾಣುತ್ತದೆ.

ಕಾಡಿನ ನಡುವೆ ಬದುಕುವ ನಮಗೆ ಇನ್ನೊಂದು ಅನುಕೂಲ ಉಂಟು. ಆ ಕಾಲದ ಪೌರಾಣಿಕ ಚಿತ್ರಗಳಲ್ಲಿ ಯಾವ ಕಾಡು ನಿಜ, ಯಾವುದು ಸೆಟ್ಟು ಅಂತ ಬೇಗ ತಿಳಿಯುತ್ತದೆ. ಸೆಟ್ಟಿನ ಮರದಿಂದ ನೀರು ತೊಟ್ಟಿಕ್ಕುವುದಿಲ್ಲ, ಎಲೆಯ ಅಡಿಭಾಗಕ್ಕೂ ಬೆಳಕು ಬಿದ್ದಿರುತ್ತದೆ. ದೊಡ್ಡ ದೀಪಗಳ ಆ ಕಾವಿನಲ್ಲಿ, ಗಟ್ಟಿ ಬಣ್ಣ ಹಚ್ಚಿಕೊಂಡು, ಹೊಳೆಯ ತಂಪಿನಲ್ಲಿ ನಿಂತ ಹಾಗೆ ನಟಿಸುವುದು ಎಂಥ ಕೆಲಸ ಅಂತ ಆಗ ಅರ್ಥವಾಗುತ್ತದೆ. ಈ ಥರ ಕಂಡದ್ದನ್ನು ಕಾರ್ಡಿನ ಹಿಂದೆ ಬರೆದುಕೊಳ್ಳಿ.

ಬರೆಯುವಾಗ

ಹುಟ್ಟಿದ ಊರಿನಿಂದ ಶುರುಮಾಡಬೇಡಿ. ಕಾರ್ಡುಗಳಲ್ಲಿ ನಿಮ್ಮನ್ನು ನಿಲ್ಲಿಸಿದ ಕಾರ್ಡಿನಿಂದ ಶುರುಮಾಡಿ. ನಾನು 1954ರ ಆ 24 ದಿನದಿಂದ ಶುರುಮಾಡಿದೆ. ಆಮೇಲೆ ಭಟ್ಕಳಕ್ಕೆ ಹಿಂದೆ ಹೋದೆ. ಗಾಳಿಸುದ್ದಿ, ಮದುವೆ ಮುರಿದ ಕಥೆ, ಯಾರು ಯಾರಿಗೆ ಎಷ್ಟು ಕೊಟ್ಟರು ಅನ್ನುವುದು ಕಾರ್ಡಿಗೆ ಬರದಿದ್ದರೆ ಬರಹಕ್ಕೂ ಬೇಡ. "ಮಹಾತಾಯಿ", "ಕರುಣಾಮಯಿ" ಅಂತ ಬರೆದ ಕಡೆಯೆಲ್ಲ ಹೊಡೆದು ಅಲ್ಲಿ ಅವರು ಮಾಡಿದ ಕೆಲಸವನ್ನು ಬರೆಯಿರಿ. ಇಡೀ ಊರೇ ಅವರನ್ನು ಅಮ್ಮ ಅಂದಿದೆ, ನಾವಾದರೂ ಅವರನ್ನು ನಟಿ, ನಿರ್ಮಾಪಕಿ ಅನ್ನೋಣ. ಗಟ್ಟಿಯಾಗಿ ಓದಿದರೆ ಮುಕ್ಕಾಲು ಗಂಟೆ ಮೀರದಿರಲಿ.

ಕೊನೆಯ ಎರಡು ಕಾರ್ಡಿನಲ್ಲಿ ಸಿನಿಮಾ ಇಲ್ಲ. ಒಂದರಲ್ಲಿ 1994: ಅಪಘಾತವೊಂದರಲ್ಲಿ ಎಡಗೈ ಕಳೆದುಕೊಂಡರು. ಇನ್ನೊಂದರಲ್ಲಿ 2003ರ ಜನವರಿ 29: ಚೆನ್ನೈಯಲ್ಲಿ ತೀರಿಕೊಂಡರು. ಧ್ವನಿ ತೆಗೆದು ಅಷ್ಟು ದಿನ ಆ ಕೈಗಳನ್ನೇ ನೋಡಿದ್ದವಳಿಗೆ 1994ರ ಕಾರ್ಡು ಬರೆಯುವುದು ಕಷ್ಟವಾಯಿತು. ಅದಕ್ಕೆ ವಿಶೇಷಣ ಹಾಕಲಿಲ್ಲ, ವರ್ಷ ಮತ್ತು ಒಂದು ಸಾಲು, ಅಷ್ಟೇ ಓದಿದೆ.

ಬರೆದು ಮುಗಿದ ಮೇಲೆ ಹೇಳಿದವರಿಗೆ ಒಂದು ಪ್ರತಿ ಕೊಡಲೇಬೇಕು, ಓದಲು ಬಾರದಿದ್ದರೆ ಓದಿ ಹೇಳಬೇಕು. ಪಾಟಿಗೆ ನಾನು ಐದನೆಯ ಕಾಲಂ ಮಾತ್ರ ಮೇಲಿನಿಂದ ಕೆಳಗೆ ಓದಿದೆ. ಪ್ರೇಯಸಿ, ಹೆಂಡತಿ, ಹೆಂಡತಿ, ಅಕ್ಕ, ತಾಯಿ. ಪಾಟಿ ಕೈ ಎತ್ತಿ ನಿಲ್ಲಿಸಿ, "ಎಂಜಿಯಾರ್‌ಗೆ ತಾಯಿ ಆದಾಗ ಆಕೆಗೆ ಎಷ್ಟು ವಯಸ್ಸು?" ಅಂತ ಕೇಳಿದರು. ನಲವತ್ತು ಇರಬಹುದು ಅಂದೆ. "ಆ ವಯಸ್ಸಲ್ಲಿ ನಾನು ದಿನಕ್ಕೆ ಎರಡು ಮೂಟೆ ಕುಯ್ತಿದ್ದೆ," ಅಂದರು. ಅದನ್ನೂ ಕಾರ್ಡಿನ ಹಿಂದೆ ಬರೆದುಕೊಂಡೆ.

ಮೇ ತಿಂಗಳ ಮೂರನೆಯ ವಾರದೊಳಗೆ ಎಲ್ಲವನ್ನೂ ಲಕೋಟೆಗೆ ಹಾಕಿ, ಹೊಸ ಜೆಲ್ ಇಟ್ಟು, ಪೆಟ್ಟಿಗೆಯನ್ನು ನೆಲದಿಂದ ಒಂದು ಅಡಿ ಮೇಲೆ ಮರದ ಹಲಗೆಯ ಮೇಲೆ, ಗೋಡೆಗೆ ತಾಗದ ಹಾಗೆ ಇಡಿ. ಮುಚ್ಚಳದ ಒಳಗೆ ಎಷ್ಟು ಪುಸ್ತಕ ಇವೆ, ಯಾವ ಕಾರ್ಡು ಬಾಕಿ ಉಳಿದಿದೆ ಅಂತ ಚೀಟಿ ಅಂಟಿಸಿ. ನನ್ನ ಚೀಟಿಯಲ್ಲಿ ಈ ವರ್ಷ ಬರೆದದ್ದು: ಪುಸ್ತಕ 108, ಬಾಕಿ ಮೈನಾವತಿ.